ಕತ್ತರಿಯ ಕೆಲಸ, ಲೆಕ್ಕದ ಕೆಲಸ

ಸಿನಿಮಾ ಶುರುವಾಗುವಾಗ ತೆರೆಯ ಮೇಲೆ ಸಾಲಾಗಿ ಹೆಸರುಗಳು ಬರುತ್ತವೆ. ನಾಯಕನ ಹೆಸರಿಗೆ ಶಿಳ್ಳೆ, ಚಪ್ಪಾಳೆ. ‘ಸಂಕಲನ’, ‘ನಿರ್ಮಾಣ ನಿರ್ವಹಣೆ’ ಎಂದು ಬರುವ ಹೊತ್ತಿಗೆ ಜನ ಕತ್ತಲಲ್ಲಿ ಸೀಟು ಹುಡುಕುತ್ತಿರುತ್ತಾರೆ. ಮಗ ಸಿನಿಮಾ ಸೇರುತ್ತೇನೆಂದರೆ ಹೆತ್ತವರು ಹೆದರುವುದು ಸಹಜ. ಆದರೆ ಅವನು ಸೇರಬೇಕೆಂದಿರುವುದು ತೆರೆಯ ಮುಂದೆಯೋ ಹಿಂದೆಯೋ ಎಂದು ಮೊದಲು ಕೇಳುವುದು ಒಳ್ಳೆಯದು.

ಚಾಮರಾಜನಗರದ ಕಡೆಯವರಿಗೆ ಗಾಜನೂರಿನ ರಾಜಕುಮಾರ್ ಅವರ ವಿಷಯ ಹೇಳಬೇಕಾಗಿಲ್ಲ. ಗಾಜನೂರು ಈಗ ತಮಿಳುನಾಡಿನ ಗಡಿಯೊಳಗಿದ್ದರೂ ಈ ಸೀಮೆಯ ಜನಕ್ಕೆ ಅದು ಪಕ್ಕದ ಊರೇ. ಅವರ ತಮ್ಮ ಎಸ್. ಪಿ. ವರದರಾಜು, ಅಂದರೆ ಎಲ್ಲರ ಬಾಯಲ್ಲಿ ‘ವರದಪ್ಪ’, ಅಷ್ಟು ಪರಿಚಿತರಲ್ಲ. ಅಣ್ಣನ ಚಿತ್ರಗಳಿಗೆ ಕಥೆ ಆರಿಸುವುದು, ವ್ಯವಹಾರ ನೋಡುವುದು ಅವರ ಪಾಲಿಗಿತ್ತು. ಅತ್ತಿಗೆ ಪಾರ್ವತಮ್ಮನವರು 1975ರ ‘ತ್ರಿಮೂರ್ತಿ’ಯಿಂದ ನಿರ್ಮಾಪಕಿಯಾದರು. ವರದಪ್ಪ 2006ರಲ್ಲಿ ತೀರಿಕೊಂಡರು. ಅದೇ ವರ್ಷ ಏಪ್ರಿಲ್‌ನಲ್ಲಿ ಅಣ್ಣನೂ ಹೋದರು. ಒಬ್ಬ ನಟನ ಹಿಂದೆ ಒಂದು ಮನೆಯೇ ಲೆಕ್ಕದ ಪುಸ್ತಕ ಹಿಡಿದು ನಿಂತಿತ್ತು.

ಆ ಲೆಕ್ಕವನ್ನು ಚಿತ್ರೀಕರಣದ ಜಾಗದಲ್ಲಿ ನೋಡಿಕೊಳ್ಳುವವನೇ ಪ್ರೊಡಕ್ಷನ್ ಮ್ಯಾನೇಜರ್. ಗುಂಡ್ಲುಪೇಟೆಯ ಉದಾಹರಣೆಯನ್ನೇ ತೆಗೆದುಕೊಳ್ಳಿ. ಊಟಿಗೂ ಕೇರಳಕ್ಕೂ ರಸ್ತೆ ಕವಲೊಡೆಯುವ ಊರು ಅದು. ಬಂಡೀಪುರದ ಕಾಡಿನೊಳಗೆ ಹೋಗುವ ಹೆದ್ದಾರಿಗಳಲ್ಲಿ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ವಾಹನ ಸಂಚಾರಕ್ಕೆ ನಿರ್ಬಂಧವಿದೆ. 2009ರಲ್ಲಿ ಬಂದ ಕ್ರಮ ಇದು. ದೀಪಗಳ ಲಾರಿ ಗೇಟಿಗೆ ಒಂಬತ್ತೂಕಾಲಿಗೆ ಬಂದರೆ ಅಲ್ಲೇ ನಿಂತಿತು! ಊಟಿಯಲ್ಲಿ ನಟರು ಬೆಳಿಗ್ಗೆ ಬಣ್ಣ ಹಚ್ಚಿಕೊಂಡು ಕಾಯಬೇಕು; ಅವರ ಒಂದು ದಿನದ ಕಾಲ್‌ಶೀಟ್ ದಂಡ. ಗುಂಡ್ಲುಪೇಟೆಯ ಹೊಲಗಳಲ್ಲಿ ಚೆಂಡುಹೂವು, ಸೂರ್ಯಕಾಂತಿ ಅರಳಿ ನಿಲ್ಲುವುದೂ ಕೆಲವೇ ವಾರ. ಅಷ್ಟರಲ್ಲಿ ರೈತನ ಒಪ್ಪಿಗೆ, ಅಧಿಕಾರಿಗಳ ಅನುಮತಿ, ನೂರಾರು ಜನರ ತಿಂಡಿ, ಊಟ, ಕೂಲಿ ಎಲ್ಲವೂ ಕೂಡಿಬರಬೇಕು. ಮಳೆ ಬಂದರೆ ಏನು ಮಾಡುವುದೆಂಬುದೂ ಮೊದಲೇ ಗೊತ್ತಿರಬೇಕು. ಇದಕ್ಕೆ ಬೇಕಾದದ್ದು ಸುಂದರ ಮುಖವಲ್ಲ.

ಸಂಕಲನಕಾರನ ಲೆಕ್ಕ ಬೇರೆ ತರಹದ್ದು. ಒಂದು ಸೆಕೆಂಡಿಗೆ 24 ಸ್ಥಿರಚಿತ್ರಗಳು. 35 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ 16 ಚಿತ್ರಗಳಿರುತ್ತವೆ. ಹಾಗಾದರೆ ನಿಮಿಷಕ್ಕೆ 90 ಅಡಿ. ಎರಡೂವರೆ ಗಂಟೆಯ ಚಿತ್ರಕ್ಕೆ 13,500 ಅಡಿ. ಐದು ಪಟ್ಟು ಚಿತ್ರಿಸಿದ್ದರೆ 67,500 ಅಡಿಯಲ್ಲಿ ಬೇಕಾದದ್ದನ್ನು ಆರಿಸಬೇಕು. ಹಿಂದೆ ಫಿಲ್ಮನ್ನೇ ಕತ್ತರಿಸಿ ಅಂಟಿಸುತ್ತಿದ್ದರು. ಈಗ ಅದೆಲ್ಲ ಕಂಪ್ಯೂಟರಿನಲ್ಲಿ. ಆರಿಸುವ ಕಷ್ಟ ಮಾತ್ರ ಕಡಿಮೆಯಾಗಿಲ್ಲ. ಫಿಲ್ಮಿನ ಖರ್ಚಿಲ್ಲವೆಂದು ಇನ್ನೂ ಹೆಚ್ಚು ಚಿತ್ರಿಸುತ್ತಾರೆ.

ಕತ್ತರಿಸುವುದಷ್ಟೇ ಸಂಕಲನವಲ್ಲ. ರಷ್ಯದ ಲೆವ್ ಕುಲೆಶೊವ್ ಸುಮಾರು ನೂರು ವರ್ಷಗಳ ಹಿಂದೆ ಒಂದು ಪ್ರಯೋಗ ಮಾಡಿದ. ನಟನೊಬ್ಬನ ಒಂದೇ ಮುಖಭಾವದ ತುಣುಕನ್ನು ಒಮ್ಮೆ ಊಟದ ತಟ್ಟೆಯ ಜೊತೆ, ಇನ್ನೊಮ್ಮೆ ಶವಪೆಟ್ಟಿಗೆಯ ಜೊತೆ ಜೋಡಿಸಿದ. ನೋಡಿದವರಿಗೆ ಒಮ್ಮೆ ಅವನು ಹಸಿದಂತೆ, ಇನ್ನೊಮ್ಮೆ ದುಃಖಿಸಿದಂತೆ ಕಂಡಿತು. ಮುಖ ಬದಲಾಗಿರಲಿಲ್ಲ, ಪಕ್ಕದ ಚಿತ್ರ ಬದಲಾಗಿತ್ತು. ನಟ ಅಳದೆಯೇ ಜನರನ್ನು ಅಳಿಸುವ ಈ ವಿದ್ಯೆಯಲ್ಲಿ ಕನ್ನಡದವರು ಹಿಂದೆ ಬಿದ್ದಿಲ್ಲ. ಸುರೇಶ್ ಅರಸ್ ಅವರು ಮಣಿರತ್ನಂ ಅವರ ‘ಬಾಂಬೆ’ (1995) ಚಿತ್ರದ ಸಂಕಲನಕ್ಕೆ ರಾಷ್ಟ್ರಪ್ರಶಸ್ತಿ ಪಡೆದರು. ಆ ಚಿತ್ರದ ಹಾಡು ಗುನುಗುವವರಲ್ಲಿ ಎಷ್ಟು ಮಂದಿಗೆ ಅವರ ಹೆಸರು ಗೊತ್ತು?

ಕಲಿಯುವ ದಾರಿ ಯಾವುದು? ಸಂಕಲನಕ್ಕೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲೂ ಕೋಲ್ಕತ್ತದ ಸತ್ಯಜಿತ್ ರೇ ಸಂಸ್ಥೆಯಲ್ಲೂ ಪ್ರತ್ಯೇಕ ಶಿಕ್ಷಣವಿದೆ. ಪದವಿ ಮುಗಿದಿರಬೇಕು, ಪ್ರವೇಶ ಪರೀಕ್ಷೆ ಬರೆಯಬೇಕು. ವಿಜ್ಞಾನ, ಕಲೆ, ವಾಣಿಜ್ಯ ಯಾವ ಪದವಿಯಾದರೂ ಸರಿ. ಕ್ಯಾಮೆರಾ, ಧ್ವನಿಗ್ರಹಣದಲ್ಲಿ ಆಸಕ್ತಿ ಇದ್ದವರಿಗೆ ಹೆಸರಘಟ್ಟದ ಸರ್ಕಾರಿ ಸಂಸ್ಥೆ ಹತ್ತಿರ. ನಿರ್ಮಾಣ ನಿರ್ವಹಣೆಯನ್ನು ಮಾತ್ರ ಬಹುಮಂದಿ ಸಹಾಯಕರಾಗಿ ದುಡಿದೇ ಕಲಿಯುತ್ತಾರೆ, ಬಿ.ಕಾಂ. ಓದಿದವರಿಗೆ ಅಲ್ಲಿ ಲೆಕ್ಕ ಬೇಗ ಹತ್ತುತ್ತದೆ. ಎರಡರಲ್ಲೂ ತಿಂಗಳ ಸಂಬಳದ ಭರವಸೆ ಕಡಿಮೆ. ಒಂದು ಚಿತ್ರ ಮುಗಿದರೆ ಇನ್ನೊಂದು ಸಿಗುವವರೆಗೆ ಕೈ ಖಾಲಿ. ಆದ್ದರಿಂದ ಪಿ.ಯು.ಸಿ. ಬಿಟ್ಟು ಬಸ್ಸು ಹತ್ತುವ ಆತುರ ಬೇಡ. ‘ಚಾನ್ಸ್ ಕೊಡಿಸುತ್ತೇವೆ’ ಎಂದು ಮುಂಗಡ ಹಣ ಕೇಳುವವರ ಮನೆಬಾಗಿಲಿಗೂ ಹೋಗಬೇಡಿ. ಕೆಲಸ ಸಿಕ್ಕಿದಾಗ ಎಷ್ಟು ದಿನ, ಎಷ್ಟು ಹಣ, ಯಾವಾಗ ಪಾವತಿ ಎಂಬುದನ್ನು ಬರವಣಿಗೆಯಲ್ಲಿ ಪಡೆಯಿರಿ. ಶೀರ್ಷಿಕೆಯಲ್ಲಿ ಹೆಸರು ಬರುತ್ತದೆಯೇ ಎಂಬುದನ್ನೂ ಆ ಕಾಗದದಲ್ಲೇ ಬರೆಸಿಕೊಳ್ಳಿ.