ಪೂರ್ಣಕುಂಭ

ನಮ್ಮ ಮನೆಗಳಲ್ಲಿ ಶುಭಕಾರ್ಯಗಳು ಬಹುಮಟ್ಟಿಗೆ ಕಲಶಸ್ಥಾಪನೆಯಿಂದಲೇ ಮೊದಲಾಗುವುವು. ಅಕ್ಕಿಯ ಮೇಲೊಂದು ತಾಮ್ರದ ಚೊಂಬು, ಅದರೊಳಗೆ ನೀರು, ಬಾಯಿಗೆ ಮಾವಿನೆಲೆ, ಮೇಲೊಂದು ತೆಂಗಿನಕಾಯಿ, ಸಾಮಗ್ರಿ ಇಷ್ಟೇ. ನಿನ್ನೆ ನೀರು ಕುಡಿದ ಚೊಂಬೇ ಇಂದು ದೇವತೆಯಾಗಿ ಕುಳಿತು ನಮ್ಮಿಂದ ನಮಸ್ಕಾರವನ್ನು ಪಡೆಯುವುದು. ಪಾತ್ರೆಗೆ ಈ ಪದವಿ ಹೇಗೆ ಬಂದಿತು?

ನಮ್ಮ ಪೂರ್ವಿಕರು ಕುಂಭದಲ್ಲಿ ಗರ್ಭವನ್ನು ಕಂಡರು. ಅಗಸ್ತ್ಯರು ಕುಂಭಸಂಭವರು, ದ್ರೋಣಾಚಾರ್ಯರ ಹೆಸರೇ ಅವರು ಹುಟ್ಟಿದ ಪಾತ್ರೆಯ ಹೆಸರು. ಕ್ಷೀರಸಾಗರವನ್ನು ಕಡೆದಾಗ ಧನ್ವಂತರಿಯು ಹೊತ್ತು ತಂದುದೂ ಅಮೃತಕಲಶವನ್ನೇ.

ಶಿಲ್ಪಿಗಳು ಈ ಭಾವವನ್ನು ಕಲ್ಲಿನಲ್ಲಿ ಬರೆದರು. ಕ್ರಿಸ್ತಪೂರ್ವದ ಭಾರ್ಹುತ್ ಮತ್ತು ಸಾಂಚಿಯ ಶಿಲ್ಪಗಳಲ್ಲಿ ಪೂರ್ಣಘಟವು ಕಾಣಬರುತ್ತದೆ. ಅಲ್ಲಿ ಕುಂಭದ ಬಾಯಿಂದ ತಾವರೆಯ ದಂಟು, ಮೊಗ್ಗು, ಎಲೆಗಳು ಮೇಲೆದ್ದು ಅಂಚಿನಾಚೆಗೆ ಬಾಗಿರುವುವು. ಕೆಲವೆಡೆ ಆ ತಾವರೆಯ ಮೇಲೆಯೇ ಲಕ್ಷ್ಮಿಯು ನಿಂತಿರುವಳು. ಕಾರ್ಲೆಯ ಚೈತ್ಯದಲ್ಲಿ ಕಂಬಗಳ ಬುಡವೇ ಕುಂಭಾಕಾರವಾಗಿದೆ. ಒಳಗೆ ತುಂಬಿದ್ದರೆ ಸಾಲದು, ಹೊರಗೆ ಹರಿಯಬೇಕು. ಆಗಲೇ ಅದು ಪೂರ್ಣ ಎಂಬುದು ಶಿಲ್ಪಿಯ ಅಭಿಪ್ರಾಯವೆಂದು ತೋರುತ್ತದೆ.

ಹೀಗೆ ಹರಿದ ಪಾತ್ರೆಗಳಲ್ಲೆಲ್ಲ ಗೃಹಸ್ಥರಿಗೆ ಹತ್ತಿರವಾದುದು ವನಪರ್ವದ ಅಕ್ಷಯಪಾತ್ರೆ. ಕಾಡಿಗೆ ಬಂದ ಬ್ರಾಹ್ಮಣರನ್ನು ಪೋಷಿಸುವ ಬಗೆಯನ್ನರಿಯದೆ ಯುಧಿಷ್ಠಿರನು ಸೂರ್ಯನನ್ನು ಸ್ತುತಿಸಲು, ಆತನು ತಾಮ್ರದ ಪಾತ್ರೆಯನ್ನು ಕೊಟ್ಟನು. ದ್ರೌಪದಿಯ ಊಟವಾಗುವವರೆಗೆ ಅದರಲ್ಲಿ ಅನ್ನವು ಮುಗಿಯದು. ಮೊದಲು ಅತಿಥಿಗಳು, ಬಳಿಕ ತಮ್ಮಂದಿರು, ಅನಂತರ ಯುಧಿಷ್ಠಿರ, ಕಡೆಗೆ ದ್ರೌಪದಿ ಉಣ್ಣುತ್ತಿದ್ದರು. ಆಕೆ ಉಂಡ ಮೇಲೆ ದೂರ್ವಾಸರು ಶಿಷ್ಯಸಮೂಹದೊಡನೆ ಬಂದುದೂ, ಪಾತ್ರೆಯ ಕಂಠದಲ್ಲಿ ಅಂಟಿದ್ದ ಸೊಪ್ಪಿನ ತುಣುಕನ್ನು ಕೃಷ್ಣನು ತಿಂದು ಅವರೆಲ್ಲರ ಹಸಿವನ್ನು ತಣಿಸಿದುದೂ ವಾಚಕರಿಗೆ ತಿಳಿದ ಸಂಗತಿಯೇ.

ಈ ಕಥೆಯನ್ನು ಹೇಳಿ, ಗೃಹಿಣಿಯು ಎಲ್ಲರಿಗಿಂತ ಕಡೆಗೆ ಉಣ್ಣುವುದೇ ಧರ್ಮವೆಂದು ಬೋಧಿಸುವವರುಂಟು. ಅವರು ವರದ ಒಂದು ಅಂಶವನ್ನು ಮರೆಯುವರು. ಎಷ್ಟು ಸಾವಿರ ಅತಿಥಿಗಳು ಉಂಡರೂ ದ್ರೌಪದಿಯ ಪಾಲು ಪಾತ್ರೆಯಲ್ಲಿ ಇದ್ದೇ ಇರುತ್ತಿದ್ದಿತು. ಆಕೆ ಉಣ್ಣುವ ಮೊದಲು ಪಾತ್ರೆಯು ಬರಿದಾಗುವಂತಿರಲಿಲ್ಲ. ಸೂರ್ಯನು ಕೊಟ್ಟ ಮಾತು ಅದು.

ನಮ್ಮ ಮನೆಗಳಲ್ಲಿ ಆಗುತ್ತಿರುವುದೇನು? ಎಲ್ಲರೂ ಎದ್ದ ಮೇಲೆ ಅಡಿಗೆಮನೆಯಲ್ಲಿ ಒಬ್ಬಳೇ ಕುಳಿತು, ಅನ್ನದ ಸೀಕಲಿಗೆ ತಳದ ತಿಳಿಸಾರನ್ನು ಬೆರಸಿಕೊಳ್ಳುವ ತಾಯಂದಿರು ಇಂದಿಗೂ ಇರುವರು. ಪಲ್ಯ ಮುಗಿದಿರುವುದು, ಮೊಸರು ಮಕ್ಕಳಿಗಾಯಿತು. ಕೇಳಿದರೆ, “ನನಗೆ ಹಸಿವಿಲ್ಲ” ಎನ್ನುವರು. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಂತೆ, ನಮ್ಮ ದೇಶದಲ್ಲಿ 15ರಿಂದ 49 ವಯಸ್ಸಿನ ಸ್ತ್ರೀಯರಲ್ಲಿ ನೂರಕ್ಕೆ 57 ಮಂದಿಗೆ ರಕ್ತಹೀನತೆಯುಂಟು. ಇದಕ್ಕೆ ಕಾರಣಗಳು ಹಲವು. ಆದರೆ ಬಡಿಸಿದ ಕೈಗೆ ಉಳಿಯದ ಸೊಪ್ಪೂ ಬೇಳೆಯೂ ಆ ಕಾರಣಗಳಿಗೆ ಸೇರಿಲ್ಲವೆಂದು ಹೇಳುವ ಧೈರ್ಯ ನಮಗಿದೆಯೇ?

ಮುಂದಿನ ಹಬ್ಬಕ್ಕೆ ಕಲಶವನ್ನು ಅವಶ್ಯವಾಗಿ ಇರಿಸೋಣ. ಅಂದು ಪಂಕ್ತಿಯಲ್ಲಿ ಅಡಿಗೆ ಮಾಡಿದವಳಿಗೂ ಒಂದು ಎಲೆಯನ್ನು ಹಾಕೋಣ. ಅದಾಗದಿದ್ದರೆ, ನಾವು ಕೈತೊಳೆಯಲು ಏಳುವ ಮುನ್ನ ಪಾತ್ರೆಯಲ್ಲಿ ಆಕೆಯ ಪಾಲು ಉಳಿದಿದೆಯೇ ಎಂದು ಒಮ್ಮೆ ಬಗ್ಗಿ ನೋಡೋಣ. ಆ ಪಾತ್ರೆ ಬರಿದಾಗಿದ್ದರೆ ದೇವರಮನೆಯ ಕುಂಭವನ್ನು ಪೂರ್ಣವೆಂದು ಕರೆಯುವುದು ಹೇಗೆ?