ಸಮುದ್ರಕ್ಕೆ ಎಸೆದ ಸಿನಿಮಾ

ಹೆಲ್ಸಿಂಕಿ ನಗರದ ಇಬ್ಬರು ಹುಡುಗರು ತಾವೇ ಕಷ್ಟಪಟ್ಟು ತಯಾರಿಸಿದ ಮೊದಲ ಸಿನಿಮಾವನ್ನು ಕೈಯಾರೆ ಸಮುದ್ರಕ್ಕೆ ಎಸೆದುಬಿಟ್ಟರು!

ಅವರಲ್ಲಿ ಕಿರಿಯವನು ತಿಯೋಡರ್ ತುಗಾಯ್. 1912ರಲ್ಲಿ ರಷ್ಯದ ಸೇಂಟ್ ಪೀಟರ್ಸ್‌ಬರ್ಗಿನಲ್ಲಿ ಹುಟ್ಟಿ, ಬಾಲ್ಯದಲ್ಲೇ ಫಿನ್ಲೆಂಡಿಗೆ ಬಂದವನು. ಗೆಳೆಯ ವ್ಯಾಲೆಂಟಿನ್ ವಾಲಾ ಮೂರು ವರ್ಷ ದೊಡ್ಡವನು. ವಾಲಾ ನಿರ್ದೇಶಕ, ತುಗಾಯ್ ನಾಯಕ. ಅವರ ಮೂಕಿ ಚಿತ್ರ ‘ಕಪ್ಪು ಕಣ್ಣುಗಳು’ 1929ರಲ್ಲಿ ತೆರೆ ಕಂಡಾಗ ನಾಯಕನಿಗೆ ಇನ್ನೂ ಮೀಸೆ ಚಿಗುರುವ ವಯಸ್ಸು.

ಆಮೇಲೆ ಅದು ತೀರಾ ಎಳಸು ಕೆಲಸ ಎಂದು ಅವರಿಗೇ ಅನ್ನಿಸಿತು. ನೆಗೆಟಿವ್ ನೀರು ಪಾಲಾಯಿತು. ಮಕ್ಕಳು ಹರಿದೆಸೆದ ಚಿತ್ರವನ್ನು ತಾಯಂದಿರು ಎತ್ತಿಡುವುದುಂಟು. ಇಲ್ಲಿ ಎತ್ತಿಡುವವರು ಯಾರೂ ಇರಲಿಲ್ಲ.

ಆದರೆ ಹುಡುಗರು ಕೈಕಟ್ಟಿ ಕೂರಲಿಲ್ಲ. ಅದೇ ವರ್ಷ ‘ಜಿಪ್ಸಿ ಮೋಹಕ’ ಬಂತು. ತುಗಾಯ್‌ನ ಕಪ್ಪು ಕೂದಲು, ತೀಕ್ಷ್ಣ ನೋಟ ಕಂಡ ಜನ ಅವನನ್ನು ‘ಫಿನ್ಲೆಂಡಿನ ವ್ಯಾಲೆಂಟಿನೊ’ ಎಂದರು. 1931ರಲ್ಲಿ ‘ವಿಶಾಲ ದಾರಿ’ಯಲ್ಲೂ ನಟಿಸಿದ. 1936ರ ಹೊತ್ತಿಗೆ ತ್ಯೂವೊ ತೂಲಿಯೊ ಎಂಬ ಹೆಸರಿನಲ್ಲಿ ತಾನೇ ನಿರ್ದೇಶಕನಾದ.

ಮೊದಲ ಚಿತ್ರವನ್ನು ನೀರು ನುಂಗಿದರೆ, ಮುಂದಿನದನ್ನು ಬೆಂಕಿ ನುಂಗಿತು. 1959ರಲ್ಲಿ ಹೆಲ್ಸಿಂಕಿಯ ಚಿತ್ರಸಂಸ್ಥೆಯೊಂದರ ದಾಸ್ತಾನಿಗೆ ಬೆಂಕಿ ಬಿದ್ದು, ತೂಲಿಯೊ ನಿರ್ದೇಶಿಸಿದ ಮೊದಲ ಮೂರು ಚಿತ್ರಗಳ ನೆಗೆಟಿವ್‌ಗಳು ಸುಟ್ಟುಹೋದವು.

ಫಿಲ್ಮಿಗೆ ಬೆಂಕಿಯ ಭಯ ಅಷ್ಟೇಕೆ? ಆ ಕಾಲದ ಫಿಲ್ಮು ಸೆಲ್ಯುಲೋಸ್ ನೈಟ್ರೇಟಿನದು. ಹತ್ತಿಯನ್ನು ನೈಟ್ರಿಕ್ ಮತ್ತು ಸಲ್ಫ್ಯೂರಿಕ್ ಆಮ್ಲಗಳಲ್ಲಿ ಅದ್ದಿ ತಯಾರಿಸುವ ವಸ್ತು. ತೋಪಿನ ಮದ್ದಿಗೂ ಇದರ ಹತ್ತಿರದ ನಂಟು. ಕಟ್ಟಿಗೆ ಉರಿಯಲು ಗಾಳಿಯ ಆಮ್ಲಜನಕ ಬೇಕು. ನೈಟ್ರೇಟ್ ಫಿಲ್ಮಿನ ಅಣುವಿನೊಳಗೇ ಆಮ್ಲಜನಕ ಇದೆ. ಹೀಗಾಗಿ ಒಮ್ಮೆ ಹೊತ್ತಿಕೊಂಡರೆ ಮರಳು ಮುಚ್ಚಿದರೂ, ನೀರಿನಲ್ಲಿ ಮುಳುಗಿಸಿದರೂ ಅದು ಉರಿಯುತ್ತಲೇ ಇರುತ್ತದೆ! ಹಳೆಯದಾದಂತೆ ತಾನಾಗಿಯೇ ಕೊಳೆತು, ಅಂಟಂಟಾಗಿ, ಕಡೆಗೆ ಪುಡಿಯಾಗುವುದೂ ಉಂಟು. 1950ರ ದಶಕದ ಆರಂಭದಲ್ಲಿ ಇದರ ಜಾಗಕ್ಕೆ ಸುಲಭವಾಗಿ ಹೊತ್ತಿಕೊಳ್ಳದ ಅಸಿಟೇಟ್ ಫಿಲ್ಮು ಬಂತು. ಹಳೆಯ ಸುರುಳಿಗಳು ಮಾತ್ರ ಉಗ್ರಾಣಗಳಲ್ಲೇ ಉಳಿದಿದ್ದವು.

ತೂಲಿಯೊ 2000ದವರೆಗೆ ಬದುಕಿದ್ದ. ‘ಜಿಪ್ಸಿ ಮೋಹಕ’ ಉಳಿದುಕೊಂಡಿದೆ. ಅದರಲ್ಲಿ ಆ ಹುಡುಗನ ಮುಖವನ್ನು ಈಗಲೂ ನೋಡಬಹುದು. ‘ಕಪ್ಪು ಕಣ್ಣುಗಳು’ ಮಾತ್ರ ಮತ್ತೆ ಸಿಗಲಿಲ್ಲ.