ತ್ರಿವೇಣಿಗೆ ಮರಿಯಾಗದ ವಿಚಾರ

ಕಳೆದ ಸಂಚಿಕೆಯಲ್ಲಿ ಮಾವಿನಮಿಡಿಯ ಉಪ್ಪಿನಕಾಯಿ ಕೆಡುವ ಕಾರಣಗಳನ್ನು ಕುರಿತು ನಾವು ಬರೆದುದಕ್ಕೆ ಅನೇಕ ಗೃಹಿಣಿಯರು ಪತ್ರ ಬರೆದಿರುವರು. ಅವರಿಗೆ ಸಲ್ಲಬೇಕಾದ ಉತ್ತರವನ್ನು ಮುಂದಿನ ತಿಂಗಳಿಗೆ ಇಟ್ಟುಕೊಂಡು, ಈ ಸಲ ವಾಚಕರ ಅಪ್ಪಣೆ ಪಡೆದು ಬೇರೊಂದು ವಿಷಯವನ್ನು ಎತ್ತಿಕೊಳ್ಳುತ್ತೇವೆ. ಇದು ಮಕ್ಕಳ ಆಟದ ವಿಷಯ. ಆದರೂ ಇದರಲ್ಲಿ ನಾವು ಒಂದು ವಾರದಷ್ಟು ಕಾಲ ತಲೆ ಕೆಡಿಸಿಕೊಂಡೆವೆಂಬುದನ್ನು ಮುಚ್ಚಿಡಲಾರೆವು. ಮನೆಯಲ್ಲಿ ಗಣಕಯಂತ್ರವೂ ಮೊಮ್ಮಕ್ಕಳೂ ಇರುವವರಿಗೆ ಇಂದಲ್ಲ ನಾಳೆ ಇಂಥ ತೊಡಕು ಬಾರದೆ ಇರದು.

ದಸರೆಯ ರಜೆಗೆ ಬಂದಿದ್ದ ನಮ್ಮ ಮೊಮ್ಮಗಳು (ಆಕೆಗೆ ಈಗ ಹದಿಮೂರು ವರ್ಷ) ಒಂದು ಮಧ್ಯಾಹ್ನ ನಾವು ಊಟ ಮುಗಿಸಿ ಆರಾಮಕುರ್ಚಿಯಲ್ಲಿ ಒರಗಿದ್ದಾಗ, ತನ್ನ ಲ್ಯಾಪ್‌ಟಾಪನ್ನು ತಂದು ನಮ್ಮ ತೊಡೆಯ ಮೇಲಿಟ್ಟು, "ತಾತ, ತ್ರಿವೇಣಿಗೆ ಮರಿಯೇ ಆಗುತ್ತಿಲ್ಲ, ಏನು ಮಾಡಲಿ?" ಎಂದಳು. ನಮಗೆ ಎದೆ ಝಲ್ಲೆಂದಿತು. ಏತಕ್ಕೆಂದರೆ ತ್ರಿವೇಣಿಯು ಹನ್ನೊಂದು ವರ್ಷ ನಮ್ಮ ಮನೆಯಲ್ಲಿದ್ದು, ಹೋದ ವರ್ಷದ ಕಾರ್ತಿಕದಲ್ಲಿ ತೀರಿಹೋದ ಬೆಕ್ಕು. ಬಿಳಿ, ಕಪ್ಪು, ಕೇಸರಿ ಈ ಮೂರು ಬಣ್ಣಗಳು ಒಂದೇ ಮೈಯಲ್ಲಿ ಕೂಡಿದ್ದುದರಿಂದ ಆ ಹೆಸರನ್ನಿಟ್ಟವರು ನಾವೇ. ಹಿತ್ತಲಿನ ಪಾರಿಜಾತದ ಬುಡದಲ್ಲಿ ಅದನ್ನು ಮಣ್ಣುಮಾಡಿದ ದಿವಸ ಮೊಮ್ಮಗಳಿಗೆ ಪರೀಕ್ಷೆಯಿದ್ದಿತು, ಆಕೆ ಬರಲಾಗಲಿಲ್ಲ.

ಗಣಕದ ಪರದೆಯ ಮೇಲೆ ನೋಡಿದರೆ ಸಾಕ್ಷಾತ್ ತ್ರಿವೇಣಿ! ಬಲಗಣ್ಣಿನ ಸುತ್ತ ಕಪ್ಪು ಮಚ್ಚೆ, ಬೆನ್ನಿನ ಮೇಲೆ ಕೇಸರಿಯ ಪಟ್ಟೆ, ನಾಲ್ಕು ಕಾಲಿಗೂ ಬಿಳಿಯ ಕಾಲುಚೀಲ. ಅದು ಸೋಫಾದ ಮೇಲೆ ಮಲಗಿ ಮೈ ನೆಕ್ಕಿಕೊಳ್ಳುತ್ತಿದ್ದಿತು. ಒಳಗಿನಿಂದ ಬಂದ ನಮ್ಮ ಮನೆಯಾಕೆ ಅದನ್ನು ನೋಡಿ, ಒಂದು ಮಾತೂ ಆಡದೆ ಮತ್ತೆ ಒಳಗೆ ಹೋದಳು.

ಈ ಆಟದ ಹೆಸರು 'ದಿ ಸಿಮ್ಸ್'. ಇದನ್ನು ಮೊದಲು ಕಲ್ಪಿಸಿದವನು ವಿಲ್ ರೈಟ್ ಎಂಬ ಅಮೆರಿಕದವನು. ೧೯೯೧ರಲ್ಲಿ ಓಕ್ಲೆಂಡ್ ಬೆಟ್ಟಗಳಲ್ಲಿ ಎದ್ದ ಬೆಂಕಿಯಲ್ಲಿ ಆತನ ಮನೆ ಸುಟ್ಟುಹೋಯಿತು. ಸಂಸಾರದ ಸಾಮಾನುಗಳನ್ನು ಮತ್ತೆ ಒಂದೊಂದಾಗಿ ಕೂಡಿಸಿಕೊಳ್ಳಬೇಕಾಗಿ ಬಂದ ಆ ಅನುಭವದಿಂದ ಆಟದ ಯೋಚನೆ ಬಲಿತು, ೨೦೦೦ದಲ್ಲಿ ಅದು ಹೊರಬಿದ್ದಿತು. ಇದರಲ್ಲಿ ಗೆಲುವು ಸೋಲುಗಳಿಲ್ಲ; ಮನೆ ಕಟ್ಟುವುದು, ಅಡಿಗೆ ಮಾಡುವುದು, ಕೆಲಸಕ್ಕೆ ಹೋಗುವುದು, ಮುದುಕರಾಗುವುದು, ಸಾಯುವುದು, ಇಷ್ಟೆ. ಸಾಧಾರಣವಾದ ವೇಗದಲ್ಲಿ ನಮ್ಮ ಒಂದು ಸೆಕೆಂಡು ಅಲ್ಲಿಯ ಒಂದು ನಿಮಿಷ. ಆದುದರಿಂದ ನಮ್ಮ ೨೪ ನಿಮಿಷಗಳಲ್ಲಿ ಅವರಿಗೆ ಒಂದು ಹಗಲು ಒಂದು ರಾತ್ರಿ ಕಳೆದುಹೋಗುವುವು. ಬ್ರಹ್ಮನ ದಿನವೆಷ್ಟು ನಮ್ಮ ದಿನವೆಷ್ಟು ಎಂದು ಪಾಠಶಾಲೆಯಲ್ಲಿ ಲೆಕ್ಕ ಹಾಕಿದ್ದ ನಮಗೆ ಇದು ಹೊಸದಾಗಿ ತೋರಲಿಲ್ಲ. ಆಟದ ನಾಲ್ಕನೆಯ ಆವೃತ್ತಿಗೆ ೨೦೧೭ನೆಯ ನವೆಂಬರಿನಲ್ಲಿ 'ಕ್ಯಾಟ್ಸ್ ಅಂಡ್ ಡಾಗ್ಸ್' ಎಂಬ ಭಾಗವನ್ನು ಸೇರಿಸಿದರು. ಬೆಕ್ಕಿನ ಮೈಗೆ ಕುಂಚದಿಂದ ಬಣ್ಣ ಬಳಿಯುವ ಸೌಕರ್ಯವೂ ಅದರಲ್ಲಿದೆ. ಮೊಮ್ಮಗಳು ಹಳೆಯ ಭಾವಚಿತ್ರಗಳನ್ನು ಎದುರಿಗಿಟ್ಟುಕೊಂಡು ಮೂರು ಸಂಜೆ ಕುಳಿತು ತ್ರಿವೇಣಿಯನ್ನು ಬರೆದಿದ್ದಳು.

ಹಾಗಾದರೆ ಮರಿ ಏಕೆ ಆಗಲಿಲ್ಲ? ನಮಗೆ ಗಣಕವು ತಿಳಿಯದು. ತರ್ಕವು ಸ್ವಲ್ಪ ತಿಳಿಯುವುದು. ನೈಯಾಯಿಕರು ಒಂದು ಕಾರ್ಯ ಹುಟ್ಟಬೇಕಾದರೆ ಒಂದು ಕಾರಣವಿದ್ದರೆ ಸಾಲದು, ಕಾರಣಗಳ ಸಾಮಗ್ರಿಯೆಲ್ಲ ಕೂಡಿರಬೇಕೆಂದು ಹೇಳುವರು. ಅಷ್ಟೇ ಅಲ್ಲದೆ ಪ್ರತಿಬಂಧಕವು ಇರಬಾರದು. ಬೆಂಕಿಯಿದ್ದು, ಸೌದೆಯಿದ್ದು, ಸುಡುವುದನ್ನು ತಡೆಯುವ ಮಣಿಯೊಂದು ಹತ್ತಿರವಿದ್ದರೆ ಸೌದೆ ಸುಡುವುದಿಲ್ಲವೆಂಬುದು ಅವರ ಹಳೆಯ ಉದಾಹರಣೆ. ಮಣಿ ಎಲ್ಲಿದೆಯೆಂದು ನಾವು ಹುಡುಕತಕ್ಕದ್ದು. ಆದುದರಿಂದ ಮೊಮ್ಮಗಳನ್ನು ಎದುರಿಗೆ ಕೂರಿಸಿಕೊಂಡು, ಆಟದ ವಿಧಿಗಳನ್ನು ಒಂದೊಂದಾಗಿ ಓದಿಸಿದೆವು.

ಎರಡೂ ಬೆಕ್ಕೇ ಆಗಿರಬೇಕು, ಒಂದು ಹೆಣ್ಣು ಒಂದು ಗಂಡು ಇರಬೇಕು, ಅವುಗಳಿಗೆ ಪರಸ್ಪರ ಸ್ನೇಹವಿರಬೇಕು. ಇವುಗಳಲ್ಲಿ ಕೊರತೆಯಿರಲಿಲ್ಲ. ಇಲ್ಲಿ ಒಂದು ಮಾತು. ೨೦೧೧ರಲ್ಲಿ ಬಂದ ಹಿಂದಿನ ಆವೃತ್ತಿಯ 'ಪೆಟ್ಸ್' ಭಾಗದಲ್ಲಿ ಆಟಗಾರನು ಬೆಕ್ಕು ನಾಯಿಗಳನ್ನೂ ತಾನೇ ನಡೆಸಬಹುದಾಗಿದ್ದಿತು. ಈಗಿನದರಲ್ಲಿ ಹಾಗಿಲ್ಲ, ಅವುಗಳ ಹಸಿವು ನಿದ್ರೆಗಳನ್ನು ತೋರಿಸುವ ಪಟ್ಟಿಯೂ ಇಲ್ಲ, ನಡೆನುಡಿಗಳಿಂದಲೇ ಊಹಿಸಿ, ಮನೆಯ ಮನುಷ್ಯರ ಮೂಲಕ ಅವುಗಳನ್ನು ಜೊತೆಗೂಡಲು ಪುಸಲಾಯಿಸಬೇಕು. ಹಳೆಯ ಆವೃತ್ತಿಯ ಉಪಾಯಗಳನ್ನು ಓದಿಕೊಂಡು ಹೊಸದರಲ್ಲಿ ಹುಡುಕಿದವರಿಗೆ ನಿರಾಶೆಯೇ ಗತಿ. ನಮ್ಮ ಮೊಮ್ಮಗಳೂ ಎರಡು ದಿನ ಹಾಗೆಯೇ ಹುಡುಕಿದ್ದಳಂತೆ.

ಮುಂದಿನ ವಿಧಿ: ಒಂದು ಸಂಸಾರದಲ್ಲಿ, ಸಾಕುಪ್ರಾಣಿಗಳೂ ಸೇರಿ, ಎಂಟಕ್ಕಿಂತ ಹೆಚ್ಚು ಜೀವಗಳು ಇರಕೂಡದು. ಹಿಂದಿನ ಆವೃತ್ತಿಯಲ್ಲಿ ಇದು ಹತ್ತು. ನಾವು ಬೆರಳು ಮಡಿಸಿ ಎಣಿಸಿದೆವು. ಆಕೆ ನಮ್ಮ ಮನೆಯವರನ್ನೆಲ್ಲ ಅಲ್ಲಿ ಮಾಡಿಟ್ಟಿದ್ದಳು. ಅಪ್ಪ, ಅಮ್ಮ, ತಾನು, ತಮ್ಮ, ತಾತ, ಅಜ್ಜಿ. ಮೇಲೆ ಎರಡು ಬೆಕ್ಕು. ಎಂಟು ತುಂಬಿದ್ದಿತು. ಮರಿಗೆ ಸ್ಥಳವೆಲ್ಲಿ?

"ಯಾರನ್ನಾದರೂ ಬೇರೆ ಮನೆಗೆ ಕಳುಹಿಸಬೇಕು, ತಾತ."

"ಕಳುಹಿಸು, ಮಗು."

ಆಕೆ ಬಹಳ ಹೊತ್ತು ಯೋಚಿಸಿದಳು. ಅಪ್ಪ ಅಮ್ಮ ಹೋದರೆ ಮಕ್ಕಳನ್ನು ನೋಡಿಕೊಳ್ಳುವವರಿಲ್ಲ, ತಮ್ಮನು ಚಿಕ್ಕವನು. ಕೊನೆಗೆ ನಮ್ಮ ಮುಖವನ್ನು ನೋಡದೆ ಒಂದು ಗುಂಡಿಯನ್ನು ಒತ್ತಿದಳು. ತಾತನೂ ಅಜ್ಜಿಯೂ ಪಕ್ಕದ ಮನೆಗೆ ಹೊರಟುಹೋದರು. ಈ ಸುದ್ದಿ ಅಡಿಗೆಯ ಮನೆಗೆ ಮುಟ್ಟಿದಾಗ ನಮ್ಮ ಮನೆಯಾಕೆ, "ಇಬ್ಬರನ್ನೂ ಜೊತೆಯಲ್ಲಿ ಕಳುಹಿಸಿದಳಲ್ಲ, ಪುಣ್ಯ. ಇವರೊಬ್ಬರನ್ನೇ ಕಳುಹಿಸಿದ್ದರೆ ಕಾಫಿಗೆ ಗತಿಯೇನು!" ಎಂದಳು.

ಆದರೂ ಜೊತೆಗೂಡಿಸುವ ಆಜ್ಞೆ ಕಾಣಿಸಿಕೊಳ್ಳಲಿಲ್ಲ. ಒಂದು ಮಣಿಯನ್ನು ತೆಗೆದರೆ ಇನ್ನೊಂದು ಉಳಿದಿರಬಹುದು. ಮುಂದಿನ ವಿಧಿಯನ್ನು ಓದಿಸಿದೆವು: ಎರಡರಲ್ಲಿ ಯಾವುದಕ್ಕೂ ಸಂತಾನಹರಣದ ಶಸ್ತ್ರಚಿಕಿತ್ಸೆ ಆಗಿರಬಾರದು. ಬೆಕ್ಕನ್ನು ರೂಪಿಸುವಾಗಲೇ ಅದನ್ನು ಗುರುತುಮಾಡುವ ಅಂಕಣವೊಂದಿದೆ. "ನೀನು ಏನೆಂದು ಗುರುತುಮಾಡಿದೆ?" ಎಂದು ಕೇಳಿದೆವು. ಆಕೆ, "ಆಗಿದೆ ಎಂದು. ನಮ್ಮ ತ್ರಿವೇಣಿಗೆ ಆಗಿತ್ತಲ್ಲ, ತಾತ" ಎಂದಳು.

ಆಗಿದ್ದಿತು. ಮಾಡಿಸಿದವರು ನಾವು. ಎಂಟು ವರ್ಷಗಳ ಕೆಳಗೆ ತ್ರಿವೇಣಿಯು ನಾಲ್ಕು ಮರಿ ಹಾಕಿತು. ಒಂದನ್ನು ಬಂಧುಗಳು ಒಯ್ದರು. ಒಂದು ಬೀದಿಯಲ್ಲಿ ವಾಹನಕ್ಕೆ ಸಿಕ್ಕಿತು. ಎರಡು ಏನಾದುವೆಂಬುದೇ ತಿಳಿಯಲಿಲ್ಲ. ಬೆಕ್ಕು ಗರ್ಭ ಧರಿಸುವುದು ಸುಮಾರು ೬೩ ದಿವಸ ಮಾತ್ರ. ಹಾಲೂಡುತ್ತಿರುವಾಗಲೇ ಅದು ಮತ್ತೆ ಬೆದೆಗೆ ಬರಬಹುದು. ವರ್ಷಕ್ಕೆ ಎರಡು ಮೂರು ಸಲ ಹೀಗೆ ಮರಿಗಳನ್ನು ಬೀದಿಯ ಪಾಲು ಮಾಡುವುದು ನಮ್ಮಿಂದಾಗದೆಂದು ಪಶುವೈದ್ಯರ ಬಳಿಗೆ ಕರೆದುಕೊಂಡುಹೋದೆವು. ಆಗ ಐದು ವರ್ಷದವಳಾಗಿದ್ದ ಈ ಮೊಮ್ಮಗಳು ಅತ್ತು ಊಟ ಬಿಟ್ಟಿದ್ದಳು. ಮಾಡಿದ್ದೇ ಸರಿಯೆಂದು ನಾವು ದೊಡ್ಡದೊಂದು ಉಪದೇಶ ಮಾಡಿದ್ದೆವು. ಅದು ಆಕೆಗೆ ಚೆನ್ನಾಗಿ ನೆನಪಿದ್ದಿತು.

"ಈ ಆಟದಲ್ಲಿ ವೈದ್ಯರ ಹತ್ತಿರ ಹೋದರೆ ಮೊದಲಿನಂತೆ ಮಾಡಿಕೊಡುತ್ತಾರೆ, ತಾತ. ಮಾಡಿಸಲೇ? ನೀವು ಹೇಳಿದರೆ ಮಾತ್ರ."

ಐವತ್ತು ಹುಡುಗರ ತರಗತಿಯಲ್ಲಿ ಉತ್ತರಕ್ಕೆ ತಡವರಿಸದ ನಾವು ಇಲ್ಲಿ ಸ್ವಲ್ಪ ತಡವರಿಸಿದೆವು. ನಾವು ಅಂದು ಮಾಡಿದ್ದು ಸರಿಯೆಂದೇ ಇಂದಿಗೂ ತಿಳಿದಿರುವೆವು. ಆದರೆ ಅಂದು ಆ ಮಗುವಿನ ಅಳು ತಪ್ಪೆಂಬಂತೆ ಮಾತನಾಡಿದ್ದೆವು, ಅದು ಸರಿಯಲ್ಲ. ಆ ಮಾತನ್ನು ಆಕೆಗೆ ಹೇಳಿ, "ಆ ಊರಿನ ಬೀದಿಯಲ್ಲಿ ಮರಿಗಳು ಗಾಡಿಗೆ ಸಿಕ್ಕುವುದಿಲ್ಲವಷ್ಟೆ? ಹಾಗಾದರೆ ಮಾಡಿಸು" ಎಂದೆವು. ಅಂತೆಯೇ ಆಯಿತು.

ಇಷ್ಟಾದರೂ ಆಜ್ಞೆ ಬರಲಿಲ್ಲ. "ಗಂಡುಬೆಕ್ಕನ್ನು ತೋರಿಸು" ಎಂದೆವು. ಒಂದು ಮೂಲೆಯಲ್ಲಿ ಕರಿಯ ಮರಿಯೊಂದು ತನ್ನ ಬಾಲವನ್ನು ತಾನೇ ಹಿಡಿಯಲು ಸುತ್ತುತ್ತಿದ್ದಿತು. ಆಟದಲ್ಲಿ ಬೆಕ್ಕುಗಳಿಗೆ ಮೂರೇ ಅವಸ್ಥೆಗಳು: ಮರಿ, ಪ್ರಾಯ, ಮುಪ್ಪು. ಮರಿಗೆ ಮರಿಯಾಗುವುದುಂಟೆ? "ಇದನ್ನು ತಂದು ಎಷ್ಟು ದಿನವಾಯಿತು?" ಎಂದರೆ, "ಆ ಮನೆಯ ಲೆಕ್ಕದಲ್ಲಿ ಎರಡು ತಿಂಗಳು" ಎಂದಳು. ಎರಡು ತಿಂಗಳಾದರೂ ಬೆಳೆಯದ ಮರಿ! ನಾವು ಸುಮ್ಮನೆ ಆಕೆಯನ್ನು ನೋಡಿದೆವು. ಆಕೆ ತಲೆತಗ್ಗಿಸಿ, ಬಹಳ ಮೆಲ್ಲಗೆ, "ವಯಸ್ಸಾಗುವುದನ್ನು ನಾನೇ ನಿಲ್ಲಿಸಿಬಿಟ್ಟಿದ್ದೇನೆ, ತಾತ. ಮೊದಲನೆಯ ದಿನವೇ. ಅದು ಕಾರಣವೆಂದು ನನಗೆ ಗೊತ್ತಿತ್ತು. ಬೇರೆ ಏನಾದರೂ ಇರಬಹುದೇನೋ ಎಂದು ನೋಡುತ್ತಿದ್ದೆ" ಎಂದಳು.

ಆಟದಲ್ಲಿ ಹಾಗೊಂದು ಏರ್ಪಾಡಿದೆ. ಕಾಲವು ತನ್ನ ಕೆಲಸ ಮಾಡದಂತೆ ಕಟ್ಟಿಹಾಕಬಹುದು. ಹಗಲು ರಾತ್ರಿಗಳು ಬರುವುವು, ಯಾರಿಗೂ ವಯಸ್ಸಾಗದು. ತ್ರಿವೇಣಿಯು ಎಂದಿಗೂ ಸಾಯದಿರಲೆಂದು ಆಕೆ ಹಾಗೆ ಮಾಡಿದ್ದಳು. ಕಾಲವನ್ನು ಬಿಟ್ಟರೆ ಕರಿಯ ಮರಿ ಬೆಳೆಯುವುದು, ತ್ರಿವೇಣಿ ಮುದಿಯಾಗುವುದು. ಒಂದನ್ನು ಬಿಟ್ಟು ಇನ್ನೊಂದನ್ನು ಪಡೆಯುವ ಉಪಾಯವಿದೆಯೇ ಎಂದು ಆಕೆ ಕೇಳಿದಳು. ಇದಕ್ಕೆ ನಮ್ಮಲ್ಲಿ ಶಾಸ್ತ್ರವಿರಲಿಲ್ಲ. ಆ ದಿವಸ ಆಟವನ್ನು ಅಲ್ಲಿಗೇ ಮುಚ್ಚಿಟ್ಟಳು. ಮೂರು ದಿನ ತೆರೆಯಲಿಲ್ಲ.

ಆ ಮೂರು ದಿನಗಳಲ್ಲಿ ಆಕೆಯ ಆಸೆಯೇನೆಂಬುದು ಮಾತಿನ ನಡುವೆ ಹೊರಬಿದ್ದಿತು. ಮರಿಗಳು ತದ್ವತ್ ತ್ರಿವೇಣಿಯಂತೆಯೇ ಇದ್ದಾವೆಂಬ ನಂಬಿಕೆ. ಇದನ್ನು ಮಾತ್ರ ನಾವು ಮೊದಲೇ ಬಿಡಿಸಬೇಕಾಯಿತು. ಬೆಕ್ಕಿಗೆ ಕೇಸರಿ ಬಣ್ಣವನ್ನು ಕೊಡುವ ವಂಶವಾಹಿಯು ಎಕ್ಸ್ ಎಂಬ ವರ್ಣತಂತುವಿನಲ್ಲಿದೆ. ಹೆಣ್ಣಿಗೆ ಅಂಥ ತಂತುಗಳು ಎರಡು. ಪಿಂಡವು ಇನ್ನೂ ಚಿಕ್ಕದಾಗಿರುವಾಗಲೇ ಒಂದೊಂದು ಜೀವಕೋಶದಲ್ಲಿಯೂ ಎರಡರಲ್ಲೊಂದು ಮುಚ್ಚಿಹೋಗುವುದು, ಯಾವುದೆಂಬುದಕ್ಕೆ ನಿಯಮವಿಲ್ಲ. ಕೇಸರಿಯದು ತೆರೆದಿರುವ ಕಡೆ ಕೇಸರಿ, ಉಳಿದ ಕಡೆ ಕಪ್ಪು. ಬಿಳಿಯು ಬೇರೊಂದು ಕಾರಣದಿಂದ ಬರುವುದು. ಮುಬ್ಬಣ್ಣದ ಬೆಕ್ಕುಗಳು ಬಹುಮಟ್ಟಿಗೆ ಹೆಣ್ಣೇ ಆಗಿರುವುದು ಈ ಕಾರಣದಿಂದಲೇ. ಮಚ್ಚೆಗಳ ಚಿತ್ರವು ಆ ಒಂದು ಮೈಗೆ ಮಾತ್ರ ಸೇರಿದ್ದು.

ಅಮೆರಿಕದ ಟೆಕ್ಸಸ್ ಎ ಅಂಡ್ ಎಂ ವಿಶ್ವವಿದ್ಯಾನಿಲಯದಲ್ಲಿ ೨೦೦೧ನೆಯ ಡಿಸೆಂಬರ್ ೨೨ರಂದು ಜಗತ್ತಿನ ಮೊದಲನೆಯ ತದ್ರೂಪಿ ಬೆಕ್ಕು ಹುಟ್ಟಿತು. ಅದರ ಮೂಲವು ರೇನ್‌ಬೋ ಎಂಬ ಮುಬ್ಬಣ್ಣದ ಬೆಕ್ಕು. ಅದರ ಜೀವಕೋಶದಿಂದಲೇ ಹುಟ್ಟಿಸಿದ ಮರಿಗೆ 'ಸಿಸಿ' ಎಂದು ಹೆಸರಿಟ್ಟರು. ನೋಡಿದರೆ ಮರಿಯ ಮೈಮೇಲೆ ಕೇಸರಿಯ ಒಂದು ಕೂದಲೂ ಇರಲಿಲ್ಲ! ವಿದ್ವಾಂಸರ ಪ್ರಯೋಗಶಾಲೆಯಲ್ಲಿಯೂ ಒಂದು ಬೆಕ್ಕು ಎರಡನೆಯ ಸಲ ಬರಲಿಲ್ಲ. ಆ ಸಿಸಿಯು ೨೦೦೬ರಲ್ಲಿ ಎಲ್ಲ ಬೆಕ್ಕುಗಳಂತೆ ತಾನೇ ಮರಿ ಹಾಕಿ, ೨೦೨೦ರಲ್ಲಿ ಹದಿನೆಂಟು ವರ್ಷದ ಮುದುಕಿಯಾಗಿ ತೀರಿಕೊಂಡಿತು. ಈ ಕಥೆಯನ್ನು ಕೇಳಿ ಮೊಮ್ಮಗಳು, "ಅದನ್ನು ಸಾಕಿದವರಿಗೆ ಬೇಜಾರಾಯಿತೇ?" ಎಂದು ಕೇಳಿದಳು. ಆ ಬೆಕ್ಕನ್ನು ಸಂಶೋಧಕರಲ್ಲೊಬ್ಬರೇ ಮನೆಗೆ ಒಯ್ದು ಕೊನೆಯವರೆಗೆ ಸಾಕಿದರೆಂದು ಹೇಳಿದೆವು.

ರಜೆ ಮುಗಿದು ಬೆಂಗಳೂರಿಗೆ ಹೊರಡುವ ದಿನ ಬೆಳಿಗ್ಗೆ, ಪೆಟ್ಟಿಗೆ ಕಟ್ಟುವುದನ್ನು ಬಿಟ್ಟು, ಆಕೆ ಆಟವನ್ನು ತೆರೆದಳು. ಅಜ್ಜಿಯನ್ನೂ ಕರೆದಳು. ವಯಸ್ಸಿನ ಗುರುತನ್ನು ಆಕೆಯೇ ತಿರುಗಿಸಿದಳು. ನಾವು ಪಕ್ಕದಲ್ಲಿ ಕುಳಿತಿದ್ದೆವಷ್ಟೆ. ಪರದೆಯ ಮೇಲೆ ಏನೂ ಬದಲಾದಂತೆ ಕಾಣಲಿಲ್ಲ. ತ್ರಿವೇಣಿ ಎದ್ದು ಮೈಮುರಿದು, ಕಿಟಕಿಯ ಬಳಿಗೆ ಹೋಗಿ ಕುಳಿತಿತು.

ಹೋದ ಭಾನುವಾರ ದೂರವಾಣಿಯಲ್ಲಿ ವರ್ತಮಾನ ಬಂದಿತು. ಕರಿಯ ಮರಿ ಪ್ರಾಯಕ್ಕೆ ಬಂದು, ಆಜ್ಞೆ ಕಾಣಿಸಿಕೊಂಡು, ತ್ರಿವೇಣಿಗೆ ಎರಡು ಮರಿಗಳಾಗಿವೆ. ಒಂದು ತಂದೆಯಂತೆ ಕಪ್ಪು, ಕಾಲುಗಳು ಮಾತ್ರ ಬಿಳಿ. ಇನ್ನೊಂದರ ಮೈಯೆಲ್ಲ ಮಾಸಲು ಕೇಸರಿ. ತ್ರಿವೇಣಿಯು ಹಿರಿಯ ಅವಸ್ಥೆಗೆ ಕಾಲಿಟ್ಟಿದೆಯೆಂಬುದನ್ನೂ ಆಕೆ ಹೇಳಿದಳು. ಹೇಳಿ, ಹಿತ್ತಲಿನ ಪಾರಿಜಾತ ಹೂ ಬಿಟ್ಟಿದೆಯೇ ಎಂದು ಕೇಳಿದಳು. ಮನೆಯಲ್ಲಿ ಎಂಟು ಜೀವ ಮತ್ತೆ ತುಂಬಿದುದರಿಂದ ತಾತನನ್ನೂ ಅಜ್ಜಿಯನ್ನೂ ಹಿಂದಕ್ಕೆ ಕರೆಸಿಕೊಳ್ಳಲು ಸ್ಥಳವಿಲ್ಲವಂತೆ. ನಾವು ಪಕ್ಕದ ಮನೆಯಲ್ಲಿಯೇ ಇರುವೆವು. ಸಂಜೆ ಹೊತ್ತು ಬಂದು, ಮರಿಗಳನ್ನು ಆಡಿಸಿ, ರಾತ್ರಿಯಾಗುತ್ತಲೇ ಹೋಗುವೆವಂತೆ.